ಅರಮನೆಗಳನ್ನು ಹೊಕ್ಕ ರೋಗ

1873ನೆಯ ಇಸವಿಯ ಮೇ ತಿಂಗಳ 29ನೆಯ ದಿನ. ಜರ್ಮನಿಯ ಡಾರ್ಮ್‌ಸ್ಟಾಟ್ ನಗರದ ಅರಮನೆಯಲ್ಲಿ ರಾಜಕುಮಾರಿ ಆಲಿಸಳ ಇಬ್ಬರು ಗಂಡುಮಕ್ಕಳು ಆಟವಾಡುತ್ತಿದ್ದರು. ಕಿರಿಯವನಾದ ಫ್ರೆಡರಿಕನಿಗೆ ಇನ್ನೂ ಮೂರು ವರ್ಷ ತುಂಬಿರಲಿಲ್ಲ. ಆಟದ ಭರದಲ್ಲಿ ಅವನು ತೆರೆದ ಕಿಟಕಿಯಿಂದ ಕೆಳಕ್ಕೆ ಬಿದ್ದನು. ಬೇರೆ ಮಗುವಾಗಿದ್ದರೆ ಬದುಕಿ ಉಳಿಯಬಹುದಾಗಿದ್ದ ಪೆಟ್ಟು ಅದು. ಆದರೆ ಫ್ರೆಡರಿಕನ ತಲೆಯೊಳಗೆ ಒಸರತೊಡಗಿದ ರಕ್ತ ನಿಲ್ಲಲೇ ಇಲ್ಲ. ಅದೇ ದಿನ ಅವನು ತೀರಿಕೊಂಡನು. ಕೆಲವು ತಿಂಗಳ ಹಿಂದೆ ಕಿವಿಯಲ್ಲಾದ ಸಣ್ಣ ಗಾಯದಿಂದಲೂ ಆ ಮಗುವಿನ ರಕ್ತ ದಿನಗಟ್ಟಲೆ ಸುರಿದಿತ್ತು. ತಾಯಿಯಾದ ಆಲಿಸಳಿಗೆ ಆಗಲೇ ವಿಷಯ ಅರ್ಥವಾಗಿತ್ತು. ಏಕೆಂದರೆ ಇಂಗ್ಲೆಂಡಿನ ವಿಕ್ಟೋರಿಯ ರಾಣಿಯ ಮಗಳಾದ ಅವಳು ತನ್ನ ತಮ್ಮ ಲಿಯೊಪೋಲ್ಡನಲ್ಲಿ ಇದೇ ಕಾಯಿಲೆಯನ್ನು ಕಂಡಿದ್ದಳು.

ಫ್ರೆಡರಿಕನು ಸತ್ತಾಗ ಆ ಮನೆಯಲ್ಲಿ ಒಂದು ವರ್ಷ ತುಂಬಲು ಕೆಲವೇ ದಿನಗಳಿದ್ದ ಹೆಣ್ಣುಮಗುವೊಂದಿತ್ತು. ಅಣ್ಣನನ್ನು ಕೊಂದ ರೋಗದ ಬೀಜ ಈ ತಂಗಿಯಲ್ಲಿಯೂ ಅಡಗಿದೆಯೆಂದು ಯಾರೂ ಊಹಿಸುವಂತಿರಲಿಲ್ಲ. ಮಗು ಆರೋಗ್ಯವಾಗಿಯೇ ಇತ್ತು. ಅವಳ ಹೆಸರು ಆಲಿಕ್ಸ್. ಮುಂದೆ ಅವಳು ರಷ್ಯದ ಚಕ್ರವರ್ತಿನಿಯಾದಳು.

ಈ ರೋಗಕ್ಕೆ ಹಿಮೋಫಿಲಿಯಾ ಎಂದು ಹೆಸರು. ಕನ್ನಡದಲ್ಲಿ ಇದನ್ನು ಕುಸುಮರೋಗವೆಂದೂ ಕರೆಯುವುದುಂಟು. ಮೂಲ ಗ್ರೀಕ್ ಪದಗಳ ಅರ್ಥ ‘ರಕ್ತ’ ಮತ್ತು ‘ಪ್ರೀತಿ’ ಎಂದಾಗುತ್ತದೆ. ರಕ್ತ ನಿಲ್ಲದೆ ನರಳುವವರ ಕಾಯಿಲೆಗೆ ಇಂಥ ಹೆಸರು ಹೇಗೆ ಬಂದಿತೋ, ವಿಚಿತ್ರವೇ ಸರಿ. ರೋಗವು ಹೊಸದೇನಲ್ಲ. ಸುನ್ನತಿಯ ಸಂದರ್ಭದಲ್ಲಿ ಇಬ್ಬರು ಅಣ್ಣಂದಿರು ಸತ್ತಿದ್ದರೆ ಮೂರನೆಯ ಮಗನಿಗೆ ಆ ವಿಧಿಯನ್ನು ನಡೆಸಬಾರದೆಂದು ಯೆಹೂದ್ಯರ ಧರ್ಮಗ್ರಂಥವಾದ ತಾಲ್ಮುದ್ ಬಹು ಹಿಂದೆಯೇ ಹೇಳಿತ್ತು. 1803ರಲ್ಲಿ ಅಮೆರಿಕದ ಫಿಲಡೆಲ್ಫಿಯದ ವೈದ್ಯ ಜಾನ್ ಆಟೊ ಎಂಬವನು ಇಂಥದೊಂದು ಕುಟುಂಬವನ್ನು ಕುರಿತು ಬರೆಯುತ್ತ, ನರಳುವವರು ಗಂಡಸರು, ಆದರೆ ರೋಗವನ್ನು ಮುಂದಿನ ಪೀಳಿಗೆಗೆ ದಾಟಿಸುವವರು ಆರೋಗ್ಯವಂತರಾದ ಹೆಂಗಸರು ಎಂಬುದನ್ನು ಸ್ಪಷ್ಟಪಡಿಸಿದ್ದನು.

ಗದ್ದೆಯ ಬದು ಒಡೆದು ನೀರು ನುಗ್ಗತೊಡಗಿದರೆ ರೈತನು ಏನು ಮಾಡುತ್ತಾನೆ? ಕೈಗೆ ಸಿಕ್ಕಿದ ಕಲ್ಲು, ಹೆಂಟೆಗಳನ್ನು ಮೊದಲು ತುರುಕುತ್ತಾನೆ. ಆ ಮೇಲೆ ಹುಲ್ಲು ಸೇರಿಸಿ ಕೆಸರು ಮೆತ್ತಿ ಭದ್ರಪಡಿಸುತ್ತಾನೆ. ರಕ್ತನಾಳ ಹರಿದಾಗ ದೇಹವು ಮಾಡುವುದೂ ಇದನ್ನೇ. ರಕ್ತದಲ್ಲಿರುವ ಸೂಕ್ಷ್ಮವಾದ ಕಿರುಬಿಲ್ಲೆಗಳು ಗಾಯದ ಬಾಯಿಗೆ ಮುತ್ತಿಕೊಂಡು ತಾತ್ಕಾಲಿಕವಾಗಿ ಅದನ್ನು ಮುಚ್ಚುತ್ತವೆ. ಅನಂತರ ನೂಲಿನಂಥ ಎಳೆಗಳು ಹುಟ್ಟಿ ಬಲೆಯಂತೆ ಹೆಣೆದುಕೊಂಡು ಆ ಮುಚ್ಚಳವನ್ನು ಬಿಗಿಗೊಳಿಸುತ್ತವೆ. ಈ ಎಳೆಗಳು ಹುಟ್ಟಬೇಕಾದರೆ ರಕ್ತದಲ್ಲಿನ ಹಲವು ಪ್ರೋಟೀನುಗಳು ಸರಪಳಿಯ ಕೊಂಡಿಗಳಂತೆ ಒಂದಾದಮೇಲೊಂದು ಕೆಲಸ ಮಾಡಬೇಕು. ವಿಜ್ಞಾನಿಗಳು ಇವನ್ನು ಸಂಖ್ಯೆಗಳಿಂದ ಗುರುತಿಸುತ್ತಾರೆ. ಎಂಟನೆಯದು ಕೊರತೆಯಾದರೆ ಅದು ‘ಎ’ ಬಗೆಯ ಹಿಮೋಫಿಲಿಯಾ. ಒಂಬತ್ತನೆಯದು ಕೊರತೆಯಾದರೆ ‘ಬಿ’ ಬಗೆ. ಎರಡರಲ್ಲಿ ‘ಬಿ’ ಬಗೆಯೇ ಅಪರೂಪ.

ಸಣ್ಣದೊಂದು ಗೀರು ಬಿದ್ದರೆ ಸಾಕು, ಇಂಥ ರೋಗಿ ರಕ್ತವೆಲ್ಲ ಬಸಿದು ಸಾಯುತ್ತಾನೆಂಬ ನಂಬಿಕೆ ಸಾಮಾನ್ಯವಾಗಿದೆ. ಇದು ನಿಜವಲ್ಲ. ಕಿರುಬಿಲ್ಲೆಗಳು ಸರಿಯಾಗಿಯೇ ಇರುವುದರಿಂದ ಮೇಲಿನ ಗೀರು ಹೇಗೋ ಮುಚ್ಚಿಕೊಳ್ಳುತ್ತದೆ. ಅಪಾಯವಿರುವುದು ಕಣ್ಣಿಗೆ ಕಾಣದ ಕಡೆ. ಎಡವಿದಾಗ, ಮಂಡಿ ಬಡಿದಾಗ, ಕೀಲಿನೊಳಗೆ ರಕ್ತ ಒಸರಿ ತುಂಬಿಕೊಳ್ಳುತ್ತದೆ; ಕೀಲು ಊದಿ, ಕಾಲು ಮಡಿಸಿಕೊಂಡು, ರೋಗಿ ದಿನಗಟ್ಟಲೆ ಸಹಿಸಲಾರದ ನೋವನ್ನು ಅನುಭವಿಸುತ್ತಾನೆ. ಇದು ಮತ್ತೆ ಮತ್ತೆ ನಡೆದರೆ ಕೀಲು ಸವೆದು ಅಂಗವೇ ಊನವಾಗುತ್ತದೆ. ತಲೆಯೊಳಗೆ ರಕ್ತಸ್ರಾವವಾದರೆ ಪ್ರಾಣಕ್ಕೇ ಅಪಾಯ.

ಇನ್ನು ಇದು ವಂಶದಲ್ಲಿ ಇಳಿಯುವ ಬಗೆ. ನಮ್ಮ ಗುಣಲಕ್ಷಣಗಳನ್ನು ನಿರ್ಧರಿಸುವ ಜೀನುಗಳು ವರ್ಣತಂತುಗಳಲ್ಲಿವೆ. ಹೆಣ್ಣಿನಲ್ಲಿ ‘ಎಕ್ಸ್’ ಎಂಬ ವರ್ಣತಂತುಗಳು ಎರಡು. ಗಂಡಿನಲ್ಲಿ ‘ಎಕ್ಸ್’ ಒಂದು, ‘ವೈ’ ಒಂದು. ರಕ್ತವನ್ನು ಹೆಪ್ಪುಗಟ್ಟಿಸುವ ಎಂಟನೆಯ ಮತ್ತು ಒಂಬತ್ತನೆಯ ಪ್ರೋಟೀನುಗಳ ಜೀನುಗಳಿರುವುದು ‘ಎಕ್ಸ್’ ವರ್ಣತಂತುವಿನಲ್ಲಿ. ಹೆಣ್ಣಿನಲ್ಲಿ ಒಂದು ಕೆಟ್ಟಿದ್ದರೂ ಇನ್ನೊಂದು ಕೆಲಸವನ್ನು ಸಾಗಿಸಿಬಿಡುತ್ತದೆ. ಸಾಮಾನ್ಯವಾಗಿ ಅವಳು ಆರೋಗ್ಯವಾಗಿರುತ್ತಾಳೆ, ಆದರೆ ರೋಗದ ವಾಹಕಿಯಾಗಿರುತ್ತಾಳೆ. ಗಂಡಿಗೆ ಆ ಅನುಕೂಲವಿಲ್ಲ. ತಾಯಿಯಿಂದ ಬಂದ ಒಂದೇ ‘ಎಕ್ಸ್’ ಕೆಟ್ಟಿದ್ದರೆ ಅವನು ರೋಗಿಯೇ. ವಾಹಕಿಗೆ ಹುಟ್ಟುವ ಪ್ರತಿಯೊಬ್ಬ ಮಗನಿಗೂ ರೋಗ ಬರುವ ಸಂಭವ ಅರ್ಧದಷ್ಟು. ಪ್ರತಿಯೊಬ್ಬ ಮಗಳೂ ವಾಹಕಿಯಾಗುವ ಸಂಭವವೂ ಅಷ್ಟೇ. ಒಂದೊಂದು ಹೆರಿಗೆಯಲ್ಲಿಯೂ ನಾಣ್ಯವನ್ನು ಹೊಸದಾಗಿ ಚಿಮ್ಮಿದಂತೆ ಇದು. ಹಿಂದಿನ ಮಗುವಿಗೆ ಏನಾಯಿತೆಂಬುದರಿಂದ ಮುಂದಿನದು ಬದಲಾಗುವುದಿಲ್ಲ. ರೋಗಿಯಾದ ತಂದೆಯಿಂದ ಗಂಡುಮಕ್ಕಳಿಗೆ ರೋಗ ಬಾರದು, ಏಕೆಂದರೆ ಅವರಿಗೆ ಅವನು ಕೊಡುವುದು ‘ವೈ’ಯನ್ನು. ಆದರೆ ಅವನ ಹೆಣ್ಣುಮಕ್ಕಳೆಲ್ಲರೂ ವಾಹಕಿಯರಾಗುತ್ತಾರೆ.

ವಿಕ್ಟೋರಿಯ ರಾಣಿಗೆ ಒಂಬತ್ತು ಮಂದಿ ಮಕ್ಕಳು, ನಾಲ್ವರು ಗಂಡು, ಐವರು ಹೆಣ್ಣು. ಗಂಡುಮಕ್ಕಳಲ್ಲಿ ಮೊದಲ ಮೂವರೂ ಆರೋಗ್ಯವಂತರು. ಕೊನೆಯವನಾದ ಲಿಯೊಪೋಲ್ಡ್ ಮಾತ್ರ ರೋಗಿ. ಹೆಣ್ಣುಮಕ್ಕಳಲ್ಲಿ ಆಲಿಸ್ ಮತ್ತು ಬಿಯಾಟ್ರಿಸ್ ವಾಹಕಿಯರಾಗಿದ್ದರೆಂಬುದು ಅವರ ಸಂತತಿಯಿಂದ ತಿಳಿದುಬಂದಿತು. ಹಿರಿಯ ಮಗನಾದ ಏಳನೆಯ ಎಡ್ವರ್ಡನಿಗೆ ರೋಗವಿಲ್ಲದ್ದರಿಂದ ಅವನ ಮೂಲಕ ಬಂದ ಇಂಗ್ಲೆಂಡಿನ ಅರಸರ ಪೀಳಿಗೆಗೆ ಅದು ತಗಲಲಿಲ್ಲ. ರೋಗ ಹೊರಟ ಮನೆ ಇಂಗ್ಲೆಂಡಿನದು. ಅದರ ಭಾರ ಬಿದ್ದದ್ದು ಹೆಣ್ಣು ತಂದ ಮನೆಗಳ ಮೇಲೆ.

ಆದರೆ ವಿಕ್ಟೋರಿಯಳಿಗೆ ಇದು ಎಲ್ಲಿಂದ ಬಂದಿತು? ಅವಳ ತಂದೆ ಕೆಂಟ್ ಪ್ರಾಂತದ ಡ್ಯೂಕನಿಗೆ ರೋಗವಿರಲಿಲ್ಲ. ತಾಯಿಯ ಕಡೆಯವರಲ್ಲಿಯೂ ಇದರ ಸುಳಿವಿಲ್ಲ. ಜೀನಿನಲ್ಲಿ ತಾನೇ ತಾನಾಗಿ ಆಗುವ ಮಾರ್ಪಾಟಿಗೆ ಉತ್ಪರಿವರ್ತನೆಯೆಂದು ಹೆಸರು. ಹಿಮೋಫಿಲಿಯಾ ಇರುವವರಲ್ಲಿ ಸುಮಾರು ಮೂರರಲ್ಲೊಬ್ಬರಿಗೆ ಕುಟುಂಬದಲ್ಲಿ ಹಿಂದೆಂದೂ ಆ ರೋಗ ಕಂಡುಬಂದಿರುವುದಿಲ್ಲ. ತಂದೆಯ ವಯಸ್ಸು ಹೆಚ್ಚಿದಷ್ಟೂ ಇಂಥ ಮಾರ್ಪಾಟುಗಳ ಸಂಭವ ಹೆಚ್ಚು. ವಿಕ್ಟೋರಿಯಳು 1819ರಲ್ಲಿ ಹುಟ್ಟಿದಾಗ ಅವಳ ತಂದೆಗೆ 51 ವರ್ಷ. ಮಾರ್ಪಾಟು ಅವನ ದೇಹದಲ್ಲಿಯೇ ಆಗಿರಬೇಕೆಂದು ಊಹಿಸಿದವರಲ್ಲಿ ಜೆ.ಬಿ.ಎಸ್. ಹಾಲ್ಡೇನ್ ಪ್ರಮುಖರು. ಮನುಷ್ಯನ ಜೀನೊಂದು ಎಷ್ಟು ಬಾರಿಗೊಮ್ಮೆ ಹೀಗೆ ಮಾರ್ಪಡುತ್ತದೆಂಬುದನ್ನು 1935ರಲ್ಲಿ ಹಿಮೋಫಿಲಿಯಾದ ಆಧಾರದಿಂದಲೇ ಲೆಕ್ಕ ಹಾಕಿದ ವಿಜ್ಞಾನಿ ಇವರು. 1957ರಲ್ಲಿ ಭಾರತಕ್ಕೆ ಬಂದು ನೆಲಸಿ, ಇಲ್ಲಿಯ ಪೌರತ್ವವನ್ನು ಪಡೆದು, 1964ರಲ್ಲಿ ಭುವನೇಶ್ವರದಲ್ಲಿ ನಿಧನರಾದರು.

ಲಿಯೊಪೋಲ್ಡನು ಬುದ್ಧಿವಂತ. ತಾಯಿ ಅವನನ್ನು ಕಣ್ಣಳತೆಯಲ್ಲಿಯೇ ಇಟ್ಟುಕೊಳ್ಳಬೇಕೆಂದು ಬಯಸಿದರೆ, ಅವನು ಎಲ್ಲರಂತೆ ಬದುಕಬೇಕೆಂದು ಹಟ ಹಿಡಿದನು. ಆಕ್ಸ್‌ಫರ್ಡಿನಲ್ಲಿ ಓದಿದನು; ತಾಯಿಯ ರಾಜಕಾರ್ಯದ ಪತ್ರವ್ಯವಹಾರದಲ್ಲಿ ನೆರವಾದನು; 1882ರಲ್ಲಿ ಮದುವೆಯಾದನು. 1884ರ ಮಾರ್ಚಿಯಲ್ಲಿ ಫ್ರಾನ್ಸಿನ ಕಾನ್ ಎಂಬಲ್ಲಿ ಕಾಲು ಜಾರಿ ಬಿದ್ದು ಮರುದಿನವೇ ತೀರಿಕೊಂಡನು. ಆಗ ಅವನಿಗೆ ಮೂವತ್ತು ವರ್ಷ. ಅವನ ಮಗಳ ಮೂಲಕ ರೋಗ ಮೊಮ್ಮಗನಾದ ರೂಪರ್ಟನಿಗೆ ಇಳಿಯಿತು. ಆ ತರುಣನು 1928ರಲ್ಲಿ ಮೋಟಾರು ಅಪಘಾತದ ತರುವಾಯ ಮೃತನಾದನು. ಲಿಯೊಪೋಲ್ಡನ ವಿಷಯದಲ್ಲಿ ಗಮನಿಸಬೇಕಾದ ಅಂಶ ಒಂದಿದೆ. ಅವನ ಕಾಯಿಲೆಯನ್ನು ಯಾರೂ ಮುಚ್ಚಿಡಲಿಲ್ಲ. 1868ರಲ್ಲಿಯೇ ಇಂಗ್ಲೆಂಡಿನ ವೈದ್ಯಕೀಯ ಪತ್ರಿಕೆಯಲ್ಲಿ ಅದರ ಸುದ್ದಿ ಅಚ್ಚಾಗಿತ್ತು. ಪಟ್ಟಕ್ಕೆ ಮೂವರು ಅಣ್ಣಂದಿರು ಮುಂದಿದ್ದುದರಿಂದ ಮುಚ್ಚಿಡುವ ಒತ್ತಡವೂ ಇರಲಿಲ್ಲವೆನ್ನಬಹುದು. ರಷ್ಯದಲ್ಲಿ ನಡೆದುದು ಇದಕ್ಕೆ ತೀರ ವಿರುದ್ಧವಾಗಿ.

ಡಾರ್ಮ್‌ಸ್ಟಾಟಿನ ಆಲಿಕ್ಸಳು 1894ರಲ್ಲಿ ರಷ್ಯದ ಎರಡನೆಯ ನಿಕೊಲಸನನ್ನು ಮದುವೆಯಾಗಿ ಅಲೆಕ್ಸಾಂಡ್ರ ಎಂಬ ಹೆಸರನ್ನು ಪಡೆದಳು. ರಾಜಮನೆತನದ ಗಂಡಸರಲ್ಲಿ ಒಬ್ಬನಾದರೂ ಉಳಿದಿರುವವರೆಗೆ ಹೆಣ್ಣಿಗೆ ಪಟ್ಟವಿಲ್ಲವೆಂಬುದು ರಷ್ಯದ ಕಟ್ಟಳೆ. ಒಬ್ಬಳ ಹಿಂದೆ ಒಬ್ಬಳಂತೆ ನಾಲ್ವರು ಹೆಣ್ಣುಮಕ್ಕಳು ಹುಟ್ಟಿದರು. ಹತ್ತು ವರ್ಷ ಕಾದ ಮೇಲೆ 1904ರ ಆಗಸ್ಟಿನಲ್ಲಿ ಮಗ ಅಲೆಕ್ಸಿ ಜನಿಸಿದನು. ದೇಶದಾದ್ಯಂತ ಗಂಟೆಗಳು ಮೊಳಗಿದವು. ಆರು ವಾರಗಳು ಕಳೆಯುವಷ್ಟರಲ್ಲಿ ಶಿಶುವಿನ ಹೊಕ್ಕುಳಿನಿಂದ ರಕ್ತ ಒಸರತೊಡಗಿತು. ಅದು ಏನೆಂಬುದನ್ನು ಡಾರ್ಮ್‌ಸ್ಟಾಟಿನ ಹೆಣ್ಣುಮಗಳಿಗೆ ಯಾರೂ ಹೇಳಿಕೊಡಬೇಕಾಗಿರಲಿಲ್ಲ. ಅವಳ ಅಕ್ಕ ಐರೀನಳ ಮಗ ಹೈನ್ರಿಖನು ಅದೇ ವರ್ಷದ ಆರಂಭದಲ್ಲಿ, ನಾಲ್ಕು ವರ್ಷದವನಿರುವಾಗಲೇ, ಇದೇ ರೋಗದಿಂದ ಸತ್ತಿದ್ದನು.

ಉತ್ತರಾಧಿಕಾರಿಯ ರೋಗ ಪ್ರಜೆಗಳಿಗೆ ತಿಳಿಯಬಾರದೆಂದು ದಂಪತಿಗಳು ನಿಶ್ಚಯಿಸಿದರು. ಹುಡುಗನನ್ನು ಕಾಯಲು ಇಬ್ಬರು ನಾವಿಕರನ್ನು ನೇಮಿಸಿದರು. ಅವನು ನಡೆಯಲಾರದೆ ಇದ್ದಾಗ ಅವರು ಎತ್ತಿಕೊಂಡು ಹೋಗುತ್ತಿದ್ದರು. ನೋಡಿದವರಿಗೆ ಕಾರಣ ತಿಳಿಯದು. ಮಕ್ಕಳಿಗೆ ಫ್ರೆಂಚ್ ಕಲಿಸುತ್ತಿದ್ದ ಸ್ವಿಟ್ಜರ್ಲೆಂಡಿನ ಉಪಾಧ್ಯಾಯ ಪಿಯೇರ್ ಗಿಲ್ಯಾರ್ ಎಂಬವನಿಗೂ ಬಹುಕಾಲ ಈ ಕಾಯಿಲೆಯ ಸ್ವರೂಪ ಗೊತ್ತಿರಲಿಲ್ಲ. ಸದಾ ಕಾವಲಿನಲ್ಲಿ ಬೆಳೆಯುವ ಹುಡುಗ ಧೈರ್ಯಗೆಡುತ್ತಾನೆಂದು ಆ ಉಪಾಧ್ಯಾಯನು ಮುಂದೆ ತಂದೆತಾಯಿಗಳಿಗೆ ತಿಳಿಹೇಳಿ ಕಾವಲನ್ನು ಸಡಿಲಿಸಿದನು. ಕೆಲವೇ ದಿನಗಳಲ್ಲಿ ಅಲೆಕ್ಸಿ ಪಾಠದ ಕೋಣೆಯಲ್ಲಿ ಕುರ್ಚಿಯನ್ನು ಹತ್ತಿ ಜಾರಿ ಬಿದ್ದು ಮಂಡಿಯನ್ನು ತಗಲಿಸಿಕೊಂಡನು. ಮರುದಿನ ಅವನಿಗೆ ಹೆಜ್ಜೆಯಿಡಲಾಗಲಿಲ್ಲ. ಅರಸನೂ ಅರಸಿಯೂ ಉಪಾಧ್ಯಾಯನನ್ನು ಒಂದು ಮಾತೂ ಆಡಲಿಲ್ಲ. ಹುಡುಗನನ್ನು ಗಾಜಿನ ಪಾತ್ರೆಯಂತೆ ಕಾಪಾಡುವುದೇ, ಹುಡುಗನಂತೆ ಬೆಳೆಯಬಿಡುವುದೇ ಎಂಬ ಪ್ರಶ್ನೆಗೆ ಆ ಮನೆಯಲ್ಲಿ ಉತ್ತರ ಸಿಕ್ಕಲಿಲ್ಲ. ಇಂಥ ಮಕ್ಕಳಿರುವ ಬಡವರ ಮನೆಯಲ್ಲಿಯೂ ಅದು ಸುಲಭದ ಪ್ರಶ್ನೆಯಲ್ಲ.

1912ರ ಶರತ್ಕಾಲದಲ್ಲಿ ಪೋಲೆಂಡಿನ ಸ್ಪಾಲ ಎಂಬ ಬೇಟೆಯ ಬಂಗಲೆಯಲ್ಲಿ ರಾಜಪರಿವಾರ ಬೀಡುಬಿಟ್ಟಿತ್ತು. ಕೆಲವು ವಾರಗಳ ಹಿಂದೆ ದೋಣಿಗೆ ಹಾರುವಾಗ ಅಲೆಕ್ಸಿಯ ತೊಡೆಗೆ ಪೆಟ್ಟಾಗಿತ್ತು. ಕುದುರೆಗಾಡಿಯ ಕುಲುಕಾಟದಿಂದ ಆ ಹಳೆಯ ಗಾಯ ಒಳಗೊಳಗೇ ಮತ್ತೆ ಬಿರಿಯಿತು. ತೊಡೆಯಿಂದ ಹೊಟ್ಟೆಯ ಕೆಳಭಾಗದವರೆಗೆ ರಕ್ತ ತುಂಬಿತು. ಎಂಟು ವರ್ಷದ ಹುಡುಗನ ನರಳಾಟ ಹಗಲಿರುಳೂ ಮನೆಯನ್ನು ತುಂಬಿತು. ಆದರೂ ಕೆಳಗಿನ ಅಂತಸ್ತಿನಲ್ಲಿ ಅತಿಥಿಗಳ ಔತಣ, ಮಕ್ಕಳ ನಾಟಕ ನಡೆಯುತ್ತಲೇ ಇದ್ದವು. ತಾಯಿ ಮುಗುಳುನಗುತ್ತ ಅತಿಥಿಗಳೊಡನೆ ಕುಳಿತಿದ್ದು, ನಡುವೆ ಎದ್ದು ಮಗನ ಕೋಣೆಗೆ ಓಡುವಳು. ಮರಳಿ ಬಂದು ಮತ್ತೆ ಮುಗುಳುನಗುವಳು. ಗಿಲ್ಯಾರನು ಈ ದೃಶ್ಯವನ್ನು ಕಣ್ಣಾರೆ ಕಂಡು ಬರೆದಿಟ್ಟಿದ್ದಾನೆ. ಕೊನೆಗೆ ವೈದ್ಯರು ಆಸೆಯನ್ನು ಬಿಟ್ಟಾಗ ಹುಡುಗನು ಅಸ್ವಸ್ಥನಾಗಿದ್ದಾನೆಂದು ದೇಶಕ್ಕೆ ತಿಳಿಸಿದರು; ಏನು ರೋಗವೆಂದು ಮಾತ್ರ ತಿಳಿಸಲಿಲ್ಲ.

ಆಗ ತಾಯಿಯ ಪ್ರಾರ್ಥನೆಗೆ ಉತ್ತರವಾಗಿ ಸೈಬೀರಿಯದಿಂದ ತಂತಿಯೊಂದು ಬಂದಿತು. ಮಗು ಸಾಯುವುದಿಲ್ಲ, ವೈದ್ಯರು ಅವನನ್ನು ಹೆಚ್ಚು ಕಾಡದಿರಲಿ ಎಂಬುದು ಅದರ ಸಾರಾಂಶ. ಕಳುಹಿಸಿದವನು ರಾಸ್‌ಪುಟಿನ್ ಎಂಬ ರೈತ ಸಾಧಕ. ಒಂದೆರಡು ದಿನಗಳಲ್ಲಿ ರಕ್ತಸ್ರಾವ ನಿಂತಿತು. ವೈದ್ಯರು ಮುಟ್ಟಿ ಮುಟ್ಟಿ ನೋಡುವುದು ತಪ್ಪಿ ಹುಡುಗನಿಗೆ ವಿಶ್ರಾಂತಿ ದೊರೆತದ್ದೇ ಇದಕ್ಕೆ ಕಾರಣವಿರಬಹುದೆಂದು ಕೆಲವರು ಹೇಳುತ್ತಾರೆ. ತಾಯಿಗೆ ಆ ವಿಚಾರ ಬೇಕಾಗಿರಲಿಲ್ಲ. ವಿಜ್ಞಾನ ಕೈಚೆಲ್ಲಿದ ಕಡೆ ಆ ಮನುಷ್ಯನ ಮಾತು ಫಲಿಸಿತ್ತು. ಅಂದಿನಿಂದ ಅವನನ್ನು ಯಾರು ನಿಂದಿಸಿದರೂ ಅವಳಿಗೆ ಅವರು ಮಗನ ಪ್ರಾಣದ ಶತ್ರುಗಳಂತೆ ತೋರಿದರು.

ಪ್ರಜೆಗಳ ಕಣ್ಣಿಗೆ ಕಂಡುದು ಬೇರೆ. ಕುಡಿತ ಮತ್ತು ದುರ್ನಡತೆಗೆ ಹೆಸರಾದವನೊಬ್ಬ ಅರಮನೆಗೆ ಏಕೆ ಹೋಗಿಬರುತ್ತಾನೆಂಬುದು ಅವರಿಗೆ ತಿಳಿದಿರಲಿಲ್ಲ. ತಿಳಿಯದ ಕಡೆ ವದಂತಿ ಬೆಳೆಯಿತು. 1915ರಲ್ಲಿ ನಿಕೊಲಸನು ಯುದ್ಧರಂಗದ ನೇತೃತ್ವ ವಹಿಸಲು ಹೋದಾಗ ರಾಜ್ಯಭಾರದಲ್ಲಿ ಅರಸಿಯ ಕೈ ಬಲವಾಯಿತು. ಮಂತ್ರಿಗಳ ನೇಮಕದಲ್ಲಿಯೂ ರಾಸ್‌ಪುಟಿನ್ನನ ಮಾತು ನಡೆಯುತ್ತದೆಂದು ಜನ ಆಡಿಕೊಂಡರು. 1916ರ ಡಿಸೆಂಬರಿನಲ್ಲಿ ಕುಲೀನರೇ ಅವನನ್ನು ಕೊಂದರು. ಅಷ್ಟರಲ್ಲಿ ಸಿಂಹಾಸನದ ಮಾನ ಹೋಗಿತ್ತು. ಮಗ ಮೃತ್ಯುವಿನ ದವಡೆಯಲ್ಲಿದ್ದಾನೆಂದು ಪ್ರಜೆಗಳಿಗೆ ಗೊತ್ತಿದ್ದಿದ್ದರೆ ಆ ತಾಯಿಯನ್ನು ದ್ವೇಷಿಸುವ ಬದಲು ಮರುಗುತ್ತಿದ್ದರೇನೋ. ಹಿಮೋಫಿಲಿಯಾದಿಂದಲೇ ರಷ್ಯದ ಕ್ರಾಂತಿಯಾಯಿತೆಂದು ಹೇಳುವವರುಂಟು. ಅದು ಅತಿಶಯೋಕ್ತಿ. ಯುದ್ಧದ ಸೋಲು, ರೊಟ್ಟಿಯ ಅಭಾವ, ರೈತರ ಮತ್ತು ಕಾರ್ಮಿಕರ ಬವಣೆ, ಆಳುವವರ ಮೊಂಡುತನ ಇವೆಲ್ಲ ಇಲ್ಲದೆ ಒಂದು ಮಗುವಿನ ಮಂಡಿಯ ಊತದಿಂದ ಸಾಮ್ರಾಜ್ಯ ಉರುಳುವುದಿಲ್ಲ. ಆದರೆ ಗುಟ್ಟು ಮಾಡಿದ ಹಾನಿ ಮಾತ್ರ ಸುಳ್ಳಲ್ಲ.

1917ರ ಮಾರ್ಚಿಯಲ್ಲಿ ನಿಕೊಲಸನು ಪಟ್ಟವನ್ನು ತ್ಯಜಿಸಬೇಕಾಯಿತು. ಮೊದಲು ಮಗನಿಗೆ ಬಿಟ್ಟುಕೊಡಲು ಒಪ್ಪಿದ್ದನು. ಬಳಿಕ ವೈದ್ಯನನ್ನು ಕರೆಸಿ, ಮಗನ ರೋಗ ಗುಣವಾಗುವುದೇ ಎಂದು ಕೇಳಿದನು. ಆಗದೆಂಬ ಉತ್ತರ ಬಂದಿತು. ಆಗ ಅವನು ಮಗನ ಹಕ್ಕನ್ನೂ ಬಿಟ್ಟು, ತಮ್ಮನ ಹೆಸರಿಗೆ ಪಟ್ಟವನ್ನು ಬರೆದನು. ತಮ್ಮನು ಅದನ್ನು ಸ್ವೀಕರಿಸಲಿಲ್ಲ. ಮೂರು ಶತಮಾನಗಳ ರಾಜವಂಶ ಅಲ್ಲಿಗೆ ಮುಗಿಯಿತು. 1918ರ ಜುಲೈ 17ರಂದು ಯೆಕಟೆರಿನ್‌ಬರ್ಗ್ ಪಟ್ಟಣದ ಮನೆಯೊಂದರ ನೆಲಮಾಳಿಗೆಯಲ್ಲಿ ಅರಸನ ಇಡೀ ಕುಟುಂಬವನ್ನು ಗುಂಡಿಕ್ಕಿ ಕೊಂದರು. ಅಲೆಕ್ಸಿಗೆ ಹದಿನಾಲ್ಕು ತುಂಬಿರಲಿಲ್ಲ.

ಸ್ಪೇನಿಗೆ ಈ ರೋಗ ಹೋದುದು ಬಿಯಾಟ್ರಿಸಳ ಮಗಳ ಮೂಲಕ. ಬಿಯಾಟ್ರಿಸಳ ಮಗನೊಬ್ಬ ಇದೇ ರೋಗದಿಂದ ಬಳಲಿ 1922ರಲ್ಲಿ ಶಸ್ತ್ರಚಿಕಿತ್ಸೆಯ ತರುವಾಯ ತೀರಿಕೊಂಡನು. ಮಗಳು ವಿಕ್ಟೋರಿಯ ಯುಜೀನಿ 1906ರಲ್ಲಿ ಹದಿಮೂರನೆಯ ಆಲ್ಫಾನ್ಸೊವಿನ ಕೈಹಿಡಿದಳು. ಮದುವೆಯ ದಿನವೇ ಮೆರವಣಿಗೆಯ ಮೇಲೆ ಬಾಂಬು ಬಿದ್ದಿತು; ದಂಪತಿಗಳು ಪಾರಾದರು. ಮರುವರ್ಷ ಹುಟ್ಟಿದ ಯುವರಾಜನು ರೋಗಿಯೆಂದು ತಿಳಿದಾಗ ಅರಸನ ಮನಸ್ಸು ಪತ್ನಿಯಿಂದ ದೂರವಾಯಿತು. ಅವಳ ತಪ್ಪಾದರೂ ಏನು? ತನ್ನೊಳಗೆ ಇರುವುದು ಅವಳಿಗೇ ತಿಳಿದಿರಲಿಲ್ಲ. 1931ರಲ್ಲಿ ಸ್ಪೇನ್ ಗಣರಾಜ್ಯವಾಗಿ ಕುಟುಂಬ ದೇಶಾಂತರ ಹೋಯಿತು. ಕಿರಿಯ ಮಗ ಗೊಂಝಾಲೊ 1934ರಲ್ಲಿ ಆಸ್ಟ್ರಿಯದಲ್ಲಿ, ಹಿರಿಯವನು 1938ರಲ್ಲಿ ಅಮೆರಿಕದ ಮಯಾಮಿಯಲ್ಲಿ ಮೋಟಾರು ಅಪಘಾತಗಳಲ್ಲಿ ಸಿಕ್ಕಿ ರಕ್ತಸ್ರಾವದಿಂದ ಸತ್ತರು. ಇಬ್ಬರ ಪೆಟ್ಟುಗಳೂ ನೋಡಲು ದೊಡ್ಡವಾಗಿರಲಿಲ್ಲ. ರೋಗವಿಲ್ಲದ ಇನ್ನೊಬ್ಬ ಮಗ ಹುವಾನನ ಮಗನೇ 1975ರಲ್ಲಿ ದೊರೆಯಾದ ಹುವಾನ್ ಕಾರ್ಲೋಸ್.

ರಾಜರು ತಮ್ಮ ತಮ್ಮಲ್ಲೇ ಸಂಬಂಧ ಬೆಳೆಸಿದ್ದರಿಂದ ಈ ರೋಗ ಹುಟ್ಟಿತೆಂಬ ಮಾತು ಆಗಾಗ ಕೇಳಿಬರುತ್ತದೆ. ತಂದೆ ತಾಯಿ ಇಬ್ಬರಿಂದಲೂ ಕೆಟ್ಟ ಜೀನು ಬಂದರೆ ಮಾತ್ರ ಕಾಣಿಸಿಕೊಳ್ಳುವ ಬೇರೆ ರೋಗಗಳಿವೆ. ಅವುಗಳಿಗೆ ರಕ್ತಸಂಬಂಧದ ವಿವಾಹ ಅನುಕೂಲ ಮಾಡಿಕೊಡುತ್ತದೆ. ಹಿಮೋಫಿಲಿಯಾ ಹಾಗಲ್ಲ. ಅದಕ್ಕೆ ತಾಯಿಯೊಬ್ಬಳು ವಾಹಕಿಯಾದರೆ ಸಾಕು; ತಂದೆ ಯಾವ ದೇಶದವನಾದರೂ ಫಲ ಒಂದೇ. ಸಿಂಹಾಸನಗಳ ನಡುವೆಯೇ ಹೆಣ್ಣು ಕೊಟ್ಟು ತಂದು ಮಾಡಿದ್ದರಿಂದ ಆದುದಿಷ್ಟೆ: ಸಾಮಾನ್ಯರ ಮನೆಗಳಲ್ಲಿ ಹರಡಿ ಮರೆಯಾಗಬಹುದಾಗಿದ್ದ ರೋಗ ಅರಮನೆಯಿಂದ ಅರಮನೆಗೆ ನಡೆಯಿತು, ಚರಿತ್ರೆಯಲ್ಲಿ ದಾಖಲಾಯಿತು.

ವಿಕ್ಟೋರಿಯಳ ಸಂತತಿಯಲ್ಲಿ ಈ ರೋಗವಿತ್ತೆಂದು ನಿಶ್ಚಯವಾಗಿ ಹೇಳಬಹುದಾದ ಗಂಡಸರು ಒಂಬತ್ತು ಮಂದಿ. ಅವರಲ್ಲಿ ಕೊನೆಯವನು ಐರೀನಳ ಹಿರಿಯ ಮಗ ವಾಲ್ಡೆಮಾರ್. ಎಚ್ಚರಿಕೆಯಿಂದ ಬಾಳಿ 56 ವರ್ಷ ಬದುಕಿದ್ದ ಅವನು 1945ರ ಮೇ ತಿಂಗಳಲ್ಲಿ, ಯುದ್ಧ ಮುಗಿಯುವ ದಿನಗಳಲ್ಲಿ, ರಷ್ಯದ ಸೈನ್ಯಕ್ಕೆ ಹೆದರಿ ಓಡಿಬಂದ ಊರಿನಲ್ಲಿ ಬೇಕಾದ ರಕ್ತ ದೊರೆಯದೆ ಸತ್ತನು. ಇಂದು ಯುರೋಪಿನ ಯಾವ ಅರಸುಮನೆಯಲ್ಲಿಯೂ ಈ ರೋಗ ಕಂಡುಬಂದಿಲ್ಲ. ಕೊರತೆಯಾದ ಪ್ರೋಟೀನನ್ನೇ ಚುಚ್ಚುಮದ್ದಾಗಿ ಕೊಡುವ ಚಿಕಿತ್ಸೆ ಈಗ ಇದೆ. ದಾನಿಗಳ ರಕ್ತದಿಂದ ತೆಗೆದ ಆ ಔಷಧದಲ್ಲಿ 1980ರ ದಶಕದ ಆರಂಭದಲ್ಲಿ ಏಡ್ಸ್ ವೈರಸ್ಸು ಸೇರಿ ಸಾವಿರಾರು ರೋಗಿಗಳು ಸತ್ತ ದಾರುಣ ಅಧ್ಯಾಯವೂ ಉಂಟು. ಅನಂತರ ರಕ್ತದ ಹಂಗಿಲ್ಲದೆ ಅದನ್ನು ತಯಾರಿಸುವ ವಿಧಾನ ಬಂದಿತು. ಕೆಟ್ಟ ಜೀನಿನ ಕೆಲಸವನ್ನು ಸರಿಯಾದ ಜೀನಿನಿಂದ ಮಾಡಿಸುವ ಚಿಕಿತ್ಸೆಗೆ ‘ಬಿ’ ಬಗೆಯ ರೋಗಿಗಳಿಗಾಗಿ ಅಮೆರಿಕದಲ್ಲಿ 2022ರಲ್ಲಿ ಅನುಮತಿ ದೊರೆಯಿತು.

ಯೆಕಟೆರಿನ್‌ಬರ್ಗಿನ ಬಳಿ ಹೂತಿದ್ದ ಅಸ್ಥಿಗಳನ್ನು 1991ರಲ್ಲಿ ಹೊರತೆಗೆದರು. ಅವುಗಳಲ್ಲಿ ಅಲೆಕ್ಸಾಂಡ್ರಳ ಮೂಳೆ ಯಾವುದೆಂಬುದನ್ನು ದೃಢಪಡಿಸಲು ನೆರವಾದುದು ಇಂಗ್ಲೆಂಡಿನ ರಾಣಿ ಎರಡನೆಯ ಎಲಿಜಬೆತ್ತಳ ಪತಿ ಫಿಲಿಪ್ಪನ ರಕ್ತ. ಅಲೆಕ್ಸಾಂಡ್ರಳು ಅವನ ಅಜ್ಜಿಯ ತಂಗಿ. ಎರಡು ದೇಹಗಳು ಮಾತ್ರ ಆಗ ಸಿಕ್ಕಿರಲಿಲ್ಲ. 2007ರಲ್ಲಿ ಸಮೀಪದಲ್ಲಿಯೇ ಅವುಗಳ ಸುಟ್ಟ ಮೂಳೆಚೂರುಗಳು ದೊರೆತವು. ಒಂದು ಅಲೆಕ್ಸಿಯದೆಂದು ಪರೀಕ್ಷೆಯಿಂದ ತಿಳಿಯಿತು. 2009ರಲ್ಲಿ ವಿಜ್ಞಾನಿಗಳು ತಾಯಿ ಮಕ್ಕಳ ಮೂಳೆಗಳಿಂದ ಪಡೆದ ಜೀನನ್ನು ಓದಿದಾಗ ಒಂಬತ್ತನೆಯ ಪ್ರೋಟೀನಿನ ಜೀನಿನಲ್ಲಿ ಒಂದೇ ಒಂದು ಅಕ್ಷರ ಬದಲಾಗಿರುವುದು ಕಂಡಿತು. ಹೆಣ್ಣುಮಕ್ಕಳಲ್ಲಿ ಒಬ್ಬಳೂ ವಾಹಕಿಯಾಗಿದ್ದಳು. ಅದು ಅಪರೂಪದ ‘ಬಿ’ ಬಗೆ. ಈ ಬಗೆಯನ್ನು ವೈದ್ಯರು ಬೇರೆಯೆಂದು ಗುರುತಿಸಿದ್ದು 1952ರಲ್ಲಿ, ಅಲೆಕ್ಸಿ ಸತ್ತು ಮೂವತ್ತನಾಲ್ಕು ವರ್ಷಗಳಾದ ಮೇಲೆ.